ರಾಣಿಯ ಗಿಡ್ಡ ಕೂದಲು, ನೈರೋಬಿಯ ಬಿಸಿ ರೋಲರು

ಹಡಗಿನಲ್ಲಿ

ಆಫ್ರಿಕಕ್ಕೆ ಹೋಗಿ ಬಂದವನು ಸಿಂಹದ ಕಥೆ ಹೇಳಬೇಕು ಎಂದು ನಮ್ಮ ಊರಿನವರ ಲೆಕ್ಕಾಚಾರ. ನಾನು ಸಿಂಹ ನೋಡಲಿಲ್ಲ. ರೈಲಿನಿಂದ ದೂರದಲ್ಲಿ ಪಟ್ಟೆ ಕುದುರೆಗಳನ್ನು ನೋಡಿದೆ, ಅಷ್ಟೆ. ನಾನು ಹೇಳಬಹುದಾದದ್ದು ಕೂದಲಿನ ಕಥೆ.

ಮೂಡುಬಿದಿರೆ ಹತ್ತಿರದ ಪುತ್ತಿಗೆ ನನ್ನ ಊರು, ಬಾಬು ನನ್ನ ಹೆಸರು. ಯಕ್ಷಗಾನದಲ್ಲಿ ಸ್ತ್ರೀವೇಷ ಮಾಡುವವನು. ಸ್ತ್ರೀವೇಷದವರಲ್ಲಿ ಹೆಚ್ಚಿನವರು ಚವರಿ, ಅಂದರೆ ಕಟ್ಟುಕೂದಲು, ಕಟ್ಟಿಕೊಂಡು ರಂಗಕ್ಕೆ ಹೋಗುತ್ತಾರೆ. ನನ್ನದು ಸ್ವಂತ ಕೂದಲು. ಬಿಚ್ಚಿದರೆ ಸೊಂಟ ಮುಟ್ಟುತ್ತಿತ್ತು. ಹದಿನೆಂಟು ವರ್ಷ ಅದಕ್ಕೆ ತೆಂಗಿನೆಣ್ಣೆ ಹಾಕಿದ್ದೇನೆ, ದಾಸವಾಳ ಎಲೆಯ ಗೊಂಪು ತಿಕ್ಕಿದ್ದೇನೆ, ಹಗಲು ಹೊತ್ತಿನಲ್ಲಿ ಮುಂಡಾಸಿನೊಳಗೆ ಅಡಗಿಸಿ ಅಂಗಡಿ ಬೀದಿಗಳಲ್ಲಿ ನಡೆದಿದ್ದೇನೆ. ಮದುವೆಯಾದ ಹೊಸತರಲ್ಲಿ ನನ್ನ ಹೆಂಡತಿಯನ್ನು ನೀರಿನ ಕಟ್ಟೆಯಲ್ಲಿ ಹೆಂಗಸರು ಕೇಳುತ್ತಿದ್ದರಂತೆ, ಮನೆಯಲ್ಲಿ ಬಾಚಣಿಗೆ ಮೊದಲು ಯಾರಿಗೆ ಸಿಗುವುದು ಎಂದು. ನನಗೆ ಅದರಲ್ಲೂ ಹೆಮ್ಮೆಯೇ.

ನೈರೋಬಿಯಲ್ಲಿ ಚಹಾದ ಹೋಟೆಲು ನಡೆಸುವ ಕಲ್ಲಡ್ಕದ ಸಂಜೀವಣ್ಣ ಅಲ್ಲಿಯ ನಮ್ಮವರನ್ನೆಲ್ಲ ಒಟ್ಟು ಮಾಡಿ ಒಂದು ಯಕ್ಷಗಾನದ ಆಟ ಆಡಿಸುವ ಏರ್ಪಾಡು ಮಾಡಿದ್ದರು. ಮೇ ಕೊನೆಯಲ್ಲಿ ಪತ್ತನಾಜೆಯ ದಿನ ಗೆಜ್ಜೆ ಬಿಚ್ಚಿದರೆ ಮಳೆಗಾಲವಿಡೀ ಮೇಳದವರಿಗೆ ಕೆಲಸವಿಲ್ಲವಷ್ಟೆ. ಉಜಿರೆಯ ನಮ್ಮ ಭಾಗವತರು ಏಳು ಜನರನ್ನು ಆರಿಸಿ ಹೊರಡಿಸಿದರು. ಸಾಮಾನು ಕಟ್ಟುವಾಗ ಚವರಿಯ ಪೆಟ್ಟಿಗೆ ತೆಗೆದುಕೊಳ್ಳಬೇಕೋ ಎಂಬ ಪ್ರಶ್ನೆ ಬಂತು. ನಾನಿರುವಾಗ ಆ ಭಾರ ಯಾಕೆ ಎಂದು ನಾನೇ ಬೇಡವೆಂದೆ. ಮಾಡಿದ್ದುಣ್ಣೋ ಮಹಾರಾಯ ಎಂದು ಹಿರಿಯರು ಸುಮ್ಮನೆ ಹೇಳಿದ್ದಲ್ಲ.

ಬೊಂಬಾಯಿ ಬಿಟ್ಟ ಮರುದಿನದಿಂದ ಹಡಗು ಕುಣಿಯಲು ತೊಡಗಿತು. ನಮ್ಮ ಮೇಳದಲ್ಲಿ ಯಾರೂ ಅಷ್ಟು ಕುಣಿದವರಿಲ್ಲ. ನಾನು ಮಲಗಿದವನು ಒಂದು ವಾರ ತಲೆ ಎತ್ತಲಿಲ್ಲ. ತಲೆಗೆ ವಾಂತಿ ಹಾರಿತ್ತೆಂದು ಒಮ್ಮೆ ಯಾರೋ ಹಿಡಿದುಕೊಂಡು ಹೋಗಿ ಸ್ನಾನ ಮಾಡಿಸಿದರು. ನೀರು ಸಮುದ್ರದ್ದು. ಉಪ್ಪುನೀರಿನಲ್ಲಿ ಸಾಬೂನು ನೊರೆ ಬರುವುದಿಲ್ಲ, ಮೊಸರಿನಂತೆ ಒಡೆದು ಕೂದಲಿಗೆ ಅಂಟಿಕೊಳ್ಳುತ್ತದೆ. ಅದರ ಮೇಲೆ ಮತ್ತೆ ನಾಲ್ಕು ದಿನ ಅಂಗಾತ ಮಲಗಿದೆ.

ಮೊಂಬಾಸ

ದಡದಲ್ಲಿ ತೆಂಗಿನ ಮರ ಕಂಡಾಗ ನಮಗೆಲ್ಲ ಪಣಂಬೂರಿನ ಕಡೆ ಬಂದಷ್ಟು ಸಂತೋಷವಾಯಿತು. ಗಾಳಿಯ ವಾಸನೆಯೂ ನಮ್ಮದೇ. ಆದರೆ ನನ್ನ ಕೂದಲು ಹಿಂದಿನಿಂದ ಒಂದೇ ಗಡ್ಡೆಯಾಗಿ, ಒಣಗಿಸದೆ ಬಿಟ್ಟ ತೆಂಗಿನ ನಾರಿನಂತಾಗಿತ್ತು. ಭಾಗವತರು ಮತ್ತು ಮದ್ದಳೆಯವರು ಒಂದೊಂದು ಬದಿ ಹಿಡಿದು ಎಣ್ಣೆ ಸುರಿದು ಬಿಡಿಸಲು ನೋಡಿದರು. ಮಧ್ಯಾಹ್ನದವರೆಗೆ ಎರಡು ಬಾಚಣಿಗೆ ಮುರಿಯಿತು. ಕೊನೆಗೆ ಬಂದರಿನ ಹತ್ತಿರ ಒಬ್ಬ ಕ್ಷೌರಿಕನಲ್ಲಿಗೆ ಕರೆದುಕೊಂಡು ಹೋದರು. ಅವನು ಗಡ್ಡೆಯನ್ನು ಎತ್ತಿ ನೋಡಿ, ನಮ್ಮ ಭಾಷೆ ಗೊತ್ತಿಲ್ಲದಿದ್ದರೂ ದುಃಖದ ಮುಖ ಮಾಡಿ, ಹೆಗಲಿನ ಮಟ್ಟದಲ್ಲಿ ಕತ್ತರಿ ಇಟ್ಟ.

ನಾನು ಅತ್ತೆ. ನಲವತ್ತೊಂದು ವರ್ಷದ ಗಂಡಸು ಪರವೂರಿನ ಕ್ಷೌರದಂಗಡಿಯಲ್ಲಿ ಕೂದಲಿಗಾಗಿ ಅಳುವುದನ್ನು ನೋಡಿ ಅಲ್ಲಿದ್ದವರು ಮೆಲ್ಲ ಹೊರಗೆ ಹೋದರು. ಕಾರಣ ಕೇಳದೆ ಎದ್ದು ಹೋಗುವ ಆ ಮರ್ಯಾದೆ ನನಗೆ ಈಗಲೂ ನೆನಪಿದೆ. ನಮ್ಮ ಬಂಟ್ವಾಳ ಪೇಟೆಯಲ್ಲಾದರೆ ಸುತ್ತ ಹತ್ತು ಜನ ಸೇರಿ, ಏನು ಎತ್ತ ಎಂದು ವಿಚಾರಿಸಿ, ಸಂಜೆಯೊಳಗೆ ಬೆಳ್ತಂಗಡಿಯವರೆಗೆ ಸುದ್ದಿ ಮುಟ್ಟಿಸುತ್ತಿದ್ದರು.

ನೈರೋಬಿಯ ರೈಲಿನಲ್ಲಿ ಭಾಗವತರು ತಮ್ಮ ತೀರ್ಮಾನ ಹೇಳಿದರು. ಭಾನುವಾರದ ಪ್ರಸಂಗದ ಕಥೆಯೇ ರಾಣಿಯದ್ದು. ಅರಮನೆಯಿಂದ ಹೊರಹಾಕಲ್ಪಟ್ಟ ರಾಣಿ ಕಾಡು ಕಡಲು ದಾಟಿ, ವರ್ಷಗಳ ಮೇಲೆ ಅರಸನ ಸಭೆಗೆ ಬರುತ್ತಾಳೆ. ಅರಸನಿಗೆ ಅವಳ ಗುರುತು ಸಿಗುವುದಿಲ್ಲ. ಆಗ ಅವಳು ತುರುಬು ಬಿಚ್ಚುತ್ತಾಳೆ, ಉದ್ದ ಕೂದಲು ಬೆನ್ನ ಮೇಲೆ ಇಳಿಯುತ್ತದೆ, ಅದರಿಂದ ಗುರುತು ಸಿಗುತ್ತದೆ. ಆ ಒಂದು ಕ್ಷಣಕ್ಕಾಗಿಯೇ ಊರಿನಲ್ಲಿ ಜನ ಬೆಳಗಿನವರೆಗೆ ಕಾಯುತ್ತಿದ್ದರು.

"ತುರುಬಿಲ್ಲದ ರಾಣಿ ಬೇಡ," ಎಂದರು ಭಾಗವತರು. "ಶನಿವಾರದೊಳಗೆ ಎಂತಾದ್ರೂ ದಾರಿ ಆದ್ರೆ ಸರಿ. ಇಲ್ಲದಿದ್ರೆ ಬರೀ ಯುದ್ಧದ ಪ್ರಸಂಗ ಹಾಕುವ. ನಿನಗೆ ದೂತನ ವೇಷ ಉಂಟು."

ದೂತ ಎಂದರೆ ಎರಡು ಸಲ ಬಂದು ನಮಸ್ಕಾರ ಮಾಡಿ ಹೋಗುವವನು. ಅದಕ್ಕಾಗಿ ನಾನು ಸಮುದ್ರ ದಾಟಬೇಕಿತ್ತೇ?

ನೈರೋಬಿ, ಗುರುವಾರ

ಆಫ್ರಿಕವೆಂದರೆ ಬೆಂಕಿಯಂಥ ಬಿಸಿಲು ಎಂದು ತಿಳಿದು ನಾವು ಒಂದೊಂದು ಅಂಗಿ ಕಡಿಮೆ ತಂದಿದ್ದೆವು. ಜುಲೈ ತಿಂಗಳ ನೈರೋಬಿಯಲ್ಲಿ ಹಲ್ಲು ಕಟಕಟ ಎನ್ನುತ್ತದೆ. ಸಂಜೀವಣ್ಣ ಎಲ್ಲರಿಗೂ ಹಳೆಯ ಕೋಟು ಹಂಚಿದರು. ಚೆಂಡೆಯವರಿಗೆ ಸಿಕ್ಕಿದ್ದು ಯಾರೋ ದೊರೆಯದ್ದಿರಬೇಕು, ಮೊಣಕಾಲು ದಾಟುತ್ತಿತ್ತು. ಅವರು ಅದನ್ನು ಮಲಗುವಾಗಲೂ ಬಿಚ್ಚಲಿಲ್ಲ.

ಸಂಜೀವಣ್ಣನ ಹೆಂಡತಿ ವಾರಿಜಕ್ಕ ಬೆಳ್ತಂಗಡಿಯವರು. ಬೆಳಗಿನ ಐದಕ್ಕೆ ಎದ್ದು ಹೋಟೆಲಿನ ದೋಸೆ ಹಿಟ್ಟು ನೋಡಿಕೊಳ್ಳುವವರು. ನಮಗೆ ಮೊದಲು ಚಹಾ ಕೊಡಲು ಬಂದಾಗ ಅವರ ಕೂದಲು ಹೆಗಲಿನವರೆಗೆ ಮಾತ್ರ ಇದ್ದು, ತುದಿ ಒಳಮುಖವಾಗಿ ಚಂದದಲ್ಲಿ ಸುರುಳಿಯಾಗಿದ್ದುದನ್ನು ನಾನು ನೋಡುತ್ತಲೇ ಉಳಿದೆ. ನಮ್ಮ ಕಡೆಯ ಹೆಂಗಸಿನ ತಲೆ ಹಾಗಿರುವುದನ್ನು ಅದುವರೆಗೆ ಕಂಡಿರಲಿಲ್ಲ. ನಾನು ನೋಡುವುದನ್ನು ಕಂಡು ಅವರೇ ಹೇಳಿದರು: ಈ ಚಳಿಯಲ್ಲಿ ಉದ್ದ ಕೂದಲು ತೊಳೆದರೆ ಎರಡು ದಿನ ಒಣಗುವುದಿಲ್ಲ, ಶೀತ ಹಿಡಿದು ಮಲಗಿದರೆ ಹೋಟೆಲು ನಡೆಯುವುದಿಲ್ಲ, ಆರು ವರ್ಷದ ಹಿಂದೆ ಕತ್ತರಿಸಿದ್ದು. ಸಂಜೀವಣ್ಣ ಏನೂ ಅಂದಿರಲಿಲ್ಲವಂತೆ. ಊರಿನಲ್ಲಿ ತಾಯಿಗೆ ಮಾತ್ರ ಗೊತ್ತಿಲ್ಲ. ಪ್ರತಿ ಕಾಗದ ಬರೆಯುವಾಗಲೂ ಬರೆಯಬೇಕೆಂದು ಕೂತು ಬೇರೆ ಏನೋ ಬರೆದು ಮುಗಿಸುತ್ತಾರಂತೆ.

ನನ್ನ ಕಷ್ಟ ಕೇಳಿದ ಮೇಲೆ ಅವರು ಒಳಗಿನಿಂದ ಒಂದು ಡಬ್ಬಿ ತಂದರು. ಮುಚ್ಚಳ ತೆಗೆದರೆ ಸಾಲಾಗಿ ಕಡ್ಡಿಗಳು, ಕಡ್ಡಿಗೊಂದು ಮುಳ್ಳುಮುಳ್ಳಿನ ಟೊಳ್ಳು ಉರುಳೆ. ಇವರು ಅದನ್ನು ರೋಲರ್ ಎನ್ನುತ್ತಾರೆ. ಕರೆಂಟಿಗೆ ಹಾಕಿದರೆ ಒಳಗಿನ ಮೇಣ ಬಿಸಿಯಾಗುತ್ತದೆ, ಉರುಳೆಯ ತುದಿಯ ಕೆಂಪು ಚುಕ್ಕಿ ಕಪ್ಪಾದರೆ ಸಿದ್ಧ. ಕೂದಲನ್ನು ಎಸಳೆಸಳು ಮಾಡಿ ಅದಕ್ಕೆ ಸುತ್ತಿ ಪಿನ್ನು ಹಾಕಬೇಕು. ಗಿಡ್ಡ ಕೂದಲು ಎರಡರಷ್ಟು ತುಂಬಿಕೊಂಡು ಕಾಣುತ್ತದೆ, ಒಳಗೆ ಕಪ್ಪು ಉಣ್ಣೆಯ ಉಂಡೆ ಇಟ್ಟು ಕಟ್ಟಿದರೆ ರಾಣಿಗೆ ಸಾಕಾಗುವಷ್ಟು ತುರುಬು ಆದೀತು ಎಂದು ಅವರ ಎಣಿಕೆ.

ಚುಕ್ಕಿ ಕಪ್ಪಾಗುವುದನ್ನು ಕಾಯಲು ನನ್ನನ್ನು ಕೂರಿಸಿ ವಾರಿಜಕ್ಕ ಮನೆಗೆ ತಾಗಿಯೇ ಇದ್ದ ಹೋಟೆಲಿಗೆ ಹೋದರು. ಕೂದಲಿಗೆ ಏನಾದರೂ ಮಾಡುವ ಮೊದಲು ಎಣ್ಣೆ ಹಾಕುವುದು ನಮ್ಮ ಊರಿನ ಹುಟ್ಟುಗುಣ. ನಾನು ಚೀಲದಿಂದ ಬಾಟಲಿ ತೆಗೆದು ಅಂಗೈ ತುಂಬ ಎಣ್ಣೆ ತಲೆಗೆ ತಟ್ಟಿ, ಮೇಲಿಂದ ಬಿಸಿ ಉರುಳೆಗಳನ್ನು ಸುತ್ತಿಕೊಂಡೆ. ಸ್ವಲ್ಪದರಲ್ಲೇ ಹಪ್ಪಳ ಕರಿದ ವಾಸನೆ ಬಂತು. ಅಡುಗೆಮನೆಯಲ್ಲಿ ಬಾಣಲೆ ಬಿಟ್ಟು ಬಂದೆನೋ ಎಂದು ವಾರಿಜಕ್ಕ ಓಡಿ ಬಂದರು. ಹೊಗೆ ನನ್ನ ನೆತ್ತಿಯಿಂದ ಬರುತ್ತಿತ್ತು. ಕಿವಿ ಸುಟ್ಟಿತ್ತು. ಕೂದಲು ಮಾತ್ರ ಒಂದಿಷ್ಟೂ ಸುರುಳಿಯಾಗದೆ ತಲೆಗೆ ಅಂಟಿಕೊಂಡಿತ್ತು.

ಅವರು ಬಯ್ಯಲಿಲ್ಲ. ಬಿಸಿನೀರು ಕಾಯಿಸಿ ಮೂರು ಸಲ ಶಾಂಪೂ ಹಾಕಿಸಿದರು. ಹದಿನೆಂಟು ವರ್ಷದಲ್ಲಿ ಮೊದಲ ಸಲ ನನ್ನ ಕೂದಲಿನಲ್ಲಿ ಎಣ್ಣೆಯ ಜಿಡ್ಡಿಲ್ಲ. ತಲೆ ಎಷ್ಟು ಹಗುರವೆಂದರೆ, ಬೇರೆ ಯಾರದ್ದೋ ತಲೆ ಹೊತ್ತುಕೊಂಡು ಬಂದಿದ್ದೇನೆ ಅನಿಸಿತು.

ಶುಕ್ರವಾರ, ಪೇಟೆ

ಮರುದಿನ ಬೆಳಿಗ್ಗೆ ಎರಡನೆಯ ಪ್ರಯತ್ನ. ಈ ಸಲ ನನ್ನ ತಪ್ಪು ಅವಸರದ್ದು. ಸುತ್ತಿ ಐದು ನಿಮಿಷವಾಗುವಷ್ಟರಲ್ಲಿ, ಬಿಸಿಬಿಸಿಯಾಗಿಯೇ ಉರುಳೆಗಳನ್ನು ಎಳೆದು ತೆಗೆದೆ. ಕನ್ನಡಿಯಲ್ಲಿ ನೋಡಿದರೆ ಅಪ್ಸರೆ! ಚಹಾ ಕುಡಿದು ಬಂದು ಮತ್ತೆ ನೋಡುವಾಗ ಎಲ್ಲ ಇಳಿದು ಜೋಲು ಬಿದ್ದಿತ್ತು.

"ಕಾವಲಿಯಿಂದ ಏಳುವ ಮೊದಲೇ ದೋಸೆ ಎಳೆದ್ರೆ ಹೀಗೇ ಆಗೋದು ಬಾಬಣ್ಣ," ಎಂದರು ವಾರಿಜಕ್ಕ. "ಬಿಸಿ ಕೊಟ್ಟು ಬಗ್ಗಿಸೋದು ಹೌದು. ಆದ್ರೆ ತಣ್ಣಗಾಗುವಾಗಲೇ ಅದು ನಿಲ್ಲೋದು. ಮುಟ್ಟದೆ ಕೂರ್ಲಿಕ್ಕೆ ಕಲೀಬೇಕು."

ಇನ್ನೆರಡು ತೊಡಕು ತಿಳಿಯಿತು. ಅವರ ಉರುಳೆಗಳು ಸಣ್ಣವು, ನನ್ನ ದಪ್ಪ ಕೂದಲಿಗೆ ಸಾಲವು. ಎರಡನೆಯದು, ಆಟದ ಸಭಾಂಗಣದಲ್ಲಿ ಚೌಕಿಗೆ, ಅಂದರೆ ನಾವು ವೇಷ ಕಟ್ಟಿಕೊಳ್ಳಲು, ಕೊಟ್ಟ ಕೋಣೆಯಲ್ಲಿ ದೀಪವುಂಟು, ಪ್ಲಗ್ಗಿಲ್ಲ. ಮನೆಯಲ್ಲೇ ಸುತ್ತಿಕೊಂಡು ಹೋದರೆ ಬಣ್ಣ ಹಾಕಿ ಮುಗಿಸುವಷ್ಟರಲ್ಲಿ ಅರ್ಧ ಇಳಿದಿರುತ್ತದೆ. ಪೇಟೆಗೆ ಹೋಗಿ ಬೇರೆ ತರುವ ಎಂದರು ವಾರಿಜಕ್ಕ.

ದಾರಿಯಲ್ಲಿ ತರಕಾರಿ ಸಂತೆ. ಅಲ್ಲಿಯ ಹೆಂಗಸರು ಹೊರೆಯನ್ನು ಬೆನ್ನಿಗೆ ಹಾಕಿ, ಅದರ ಪಟ್ಟಿಯನ್ನು ಹಣೆಗೆ ಕೊಟ್ಟು ನಡೆಯುತ್ತಾರೆ. ನಮ್ಮವರು ನೆತ್ತಿಯಲ್ಲಿ ಹೊರುವುದನ್ನು ಇವರು ಹಣೆಯಲ್ಲಿ ಹೊರುತ್ತಾರೆ, ಭಾರ ಎರಡೂ ಕಡೆ ಒಂದೇ ಇರಬೇಕು. ವಯಸ್ಸಾದವರು ಅನೇಕರು ತಲೆ ನುಣ್ಣಗೆ ಬೋಳಿಸಿದ್ದರು. ನಮ್ಮಲ್ಲಿ ಬೋಳಿಸಿದ ಹೆಂಗಸಿನ ತಲೆ ಕಂಡರೆ ಜನ ಬೇರೆ ಕಡೆ ನೋಡುತ್ತಾರೆ. ಇವರು ಕಿವಿಯಲ್ಲಿ ದೊಡ್ಡ ದೊಡ್ಡ ಬಳೆಯಂಥ ಓಲೆ ಹಾಕಿ, ಕತ್ತು ನೆಟ್ಟಗೆ ಹಿಡಿದು ವ್ಯಾಪಾರ ಮಾಡುತ್ತಿದ್ದರು. ಒಬ್ಬಾಕೆ ಬಾಳೆಹಣ್ಣಿನ ರಾಶಿಯ ಹಿಂದೆ ಕೂತಿದ್ದ ಗತ್ತನ್ನು ನೋಡಿ ನನಗೆ ಹೊಟ್ಟೆಕಿಚ್ಚಾಯಿತು. ನಾನು ಸೊಂಟದವರೆಗೆ ಕೂದಲಿದ್ದಾಗಲೂ ಸಿಂಹಾಸನದ ಮೇಲೆ ಹಾಗೆ ಕೂತಿರಲಿಲ್ಲ.

ಅಂಗಡಿ ಒಬ್ಬ ಗುಜರಾತಿ ಮುದುಕರದ್ದು. ರೋಲರ್ ಯಾರಿಗೆ ಎಂದು ಹಿಂದಿಯಲ್ಲಿ ಕೇಳಿದರು. ಹೆಂಡತಿಗೆ ಎಂದೆ. ವಾರಿಜಕ್ಕ ಪಕ್ಕದಲ್ಲೇ ನಿಂತು, ಅಲ್ಲ, ಇವರಿಗೇ ಎಂದುಬಿಟ್ಟರು. ಮುದುಕರು ಹುಬ್ಬು ಕೂಡ ಏರಿಸದೆ ನನ್ನ ಮುಂಡಾಸು ಬಿಚ್ಚಿಸಿ, ಒಂದು ಎಸಳು ಕೂದಲು ಬೆರಳಿಗೆ ಸುತ್ತಿ ನೋಡಿ, ಜವಳಿ ವ್ಯಾಪಾರಿ ಬಟ್ಟೆ ಪರೀಕ್ಷೆ ಮಾಡಿದ ಹಾಗೆ ತಲೆಯಾಡಿಸಿದರು. ನೆತ್ತಿಗೆ ದಪ್ಪದ್ದು, ಕಿವಿಯ ಹತ್ತಿರಕ್ಕೆ ಮಧ್ಯಮ, ಕುತ್ತಿಗೆಗೆ ಸಣ್ಣದು, ಮೂರೂ ಬೆರೆಸಿ ತೆಗೆದುಕೊಳ್ಳಿ ಎಂದರು. ಮುಳ್ಳು ಹೆಚ್ಚಿರುವುದು ಜಾರುವ ಕೂದಲಿಗೆ ಒಳ್ಳೆಯದು, ದಪ್ಪ ಕೂದಲಿಗೆ ಸಿಕ್ಕಿಕೊಂಡು ಜೀವ ತಿನ್ನುತ್ತದೆ.

ಕರೆಂಟಿನ ಹೊಸ ಡಬ್ಬಿಯೊಂದು ಬಹಳ ಚಂದವಿತ್ತು. ಒಳಗೆ ಕೆಂಪು ವೆಲ್ವೆಟ್, ಮುಚ್ಚಳದಲ್ಲಿ ಕನ್ನಡಿ. ನಾನು ಅದನ್ನು ಕೆಳಗಿಡಲಾರದೆ ಹಿಡಿದುಕೊಂಡಿದ್ದೆ. ಮುದುಕರು ಕೇಳಿದ್ದು ಒಂದೇ ಮಾತು, ನಿಮ್ಮ ಊರಿನಲ್ಲಿ ಕರೆಂಟು ಉಂಟೋ ಎಂದು. ಪುತ್ತಿಗೆಯ ನಮ್ಮ ಮನೆಗೆ ಇನ್ನೂ ಕಂಬ ಬಂದಿರಲಿಲ್ಲ. ಮೇಳ ಹಾಕುವುದು ಗದ್ದೆಯಲ್ಲಿ, ಗ್ಯಾಸ್‌ಲೈಟಿನ ಬೆಳಕಿನಲ್ಲಿ. ಅವರು ಹಿಂದಿನ ಕಪಾಟಿನಿಂದ ಬೇರೆ ಕಟ್ಟೊಂದು ತೆಗೆದರು. ನೋಡಲು ಏನೂ ಇಲ್ಲ, ಬೂದು ಬಣ್ಣದ ಉರುಳೆಗಳು, ಒಂದು ಇಕ್ಕಳ. ಕುದಿಯುವ ನೀರಿಗೆ ಹಾಕಿ, ಹತ್ತು ನಿಮಿಷ ಬಿಟ್ಟು, ಇಕ್ಕಳದಲ್ಲಿ ತೆಗೆದು, ನೀರು ಚೆನ್ನಾಗಿ ಒರೆಸಿ ಸುತ್ತಿಕೊಂಡರೆ ಆಯಿತು. ಒಲೆ ಇದ್ದಲ್ಲೆಲ್ಲ ನಡೆಯುತ್ತದೆ. ಮನಸ್ಸು ವೆಲ್ವೆಟ್ಟಿನ ಕಡೆಗೇ ಇತ್ತು, ಆದರೆ ಬೂದು ಕಟ್ಟನ್ನೇ ತಂದೆ.

ಅಂಗಡಿಯ ಗೋಡೆಯಲ್ಲಿ ಸಿದ್ಧ ಚವರಿಗಳೂ ತೂಗುತ್ತಿದ್ದವು. ಎಲ್ಲ ಕೆಂಚು, ಎಲ್ಲ ನೈಲಾನು. ನಮ್ಮ ರಾಣಿ ಅದನ್ನು ಹಾಕಿಕೊಂಡರೆ ಅರಸನಿಗೆ ಗುರುತು ಸಿಗದಿದ್ದುದು ಅವನ ತಪ್ಪಾಗುತ್ತಿರಲಿಲ್ಲ.

ಶನಿವಾರ

ಈ ದಿನ ಹೇಳುವಂಥದ್ದು ಕಡಿಮೆ. ನೀರು ಕುದಿಸಿದೆವು, ಒರೆಸಿದೆವು, ಸುತ್ತಿದೆವು. ಮುಖದಿಂದ ಹಿಂದಕ್ಕೆ ಸುತ್ತಬೇಕು, ಬುಡದವರೆಗೆ ಬಿಗಿಯಾಗಿ ತರಬೇಕು. ಆಮೇಲೆ ನಾನು ಎರಡೂ ಕೈಗಳನ್ನು ತೊಡೆಯ ಕೆಳಗೆ ಒತ್ತಿಟ್ಟು ಕೂತೆ. ವಾರಿಜಕ್ಕ ಹಿಂದೆ ಕೂತು ಒಂದೊಂದನ್ನು ಮುಟ್ಟಿ, ತಣ್ಣಗಾಗಿದೆಯೇ ನೋಡುತ್ತಿದ್ದರು. ಹೆಣ್ಣಿನ ನಡೆ, ಹೆಣ್ಣಿನ ನೋಟ, ಎಲ್ಲವನ್ನೂ ನಾನು ಗಂಡಸರಿಂದ ಕಲಿತವನು. ಒಬ್ಬ ಹೆಂಗಸು ನನ್ನ ತಲೆ ಬಾಚಿದ್ದು ತಾಯಿ ಹೋದ ಮೇಲೆ ಅದೇ ಮೊದಲು.

ಉಣ್ಣೆಯ ಉಂಡೆ ಒಳಗಿಟ್ಟು ತುರುಬು ಕಟ್ಟಿದಾಗ ಭಾಗವತರು ಸುತ್ತ ಒಂದು ಪ್ರದಕ್ಷಿಣೆ ಬಂದರು. ರಾಣಿಯ ಪ್ರಸಂಗವೇ ಆಗಲಿ ಎಂದರು. ಆದರೆ ಸಭೆಯಲ್ಲಿ ತುರುಬು ಬಿಚ್ಚುವುದು ಬೇಡ, ಕೈಯಿಂದ ಮುಟ್ಟಿದರೆ ಸಾಕು, ಉಳಿದದ್ದನ್ನು ತಾವು ಪದದಲ್ಲಿ ಹೇಳಿ ದಾಟಿಸುತ್ತೇವೆ ಎಂದು ಎರಡೆರಡು ಸಲ ಎಚ್ಚರಿಸಿದರು. ಬಿಚ್ಚಿದರೆ ಮಾನ ಹೋಯಿತೆಂದೇ ಲೆಕ್ಕ. ನಾನು ಒಪ್ಪಿದೆ.

ಭಾನುವಾರ

ಆಟ ಮಧ್ಯಾಹ್ನ ಮೂರರಿಂದ ಆರರವರೆಗೆ. ಸಭಾಂಗಣದವರು ಬೇರೆ ಹೊತ್ತು ಕೊಡಲಿಲ್ಲ. ಊಟ ಮಾಡಿ ಹಗಲು ಬೆಳಕಿನಲ್ಲಿ ಚೆಂಡೆ ಬಾರಿಸುವಾಗ ಕಳ್ಳತನ ಮಾಡಿದ ಹಾಗೆ ಆಗುತ್ತದೆ. ಚೌಕಿಯಲ್ಲಿ ಗಣಪತಿಯ ಮುಂದೆ ದೀಪ, ಅದರಾಚೆ ಇದ್ದಿಲ ಒಲೆ, ಅದರ ಮೇಲೆ ಸಂಜೀವಣ್ಣನ ಹೋಟೆಲಿನ ಚಹಾದ ಪಾತ್ರೆಯಲ್ಲಿ ನನ್ನ ಉರುಳೆಗಳು ಕುದಿಯುತ್ತಿದ್ದವು. ಒಂದಿಬ್ಬರು ಚಹಾವೆಂದು ತಿಳಿದು ಲೋಟ ಹಿಡಿದುಕೊಂಡು ಬಂದರು.

ಜನ ತುಂಬಿದ್ದರು. ಮುಂದಿನ ಸಾಲುಗಳಲ್ಲಿ ನಮ್ಮ ಊರುಗಳ ಹೆಂಗಸರು, ಒಳ್ಳೆಯ ಸೀರೆ, ಮೇಲೆ ಉಣ್ಣೆಯ ಕೋಟು. ಅರ್ಧಕ್ಕರ್ಧ ಜನರ ಕೂದಲು ಹೆಗಲ ಮಟ್ಟದ್ದು, ಬೆಳಿಗ್ಗೆ ಬಿಸಿ ಸುರುಳಿ ಸುತ್ತಿ ಬಂದದ್ದು. ಚಳಿ ಎಲ್ಲರಿಗೂ ಒಂದೇ ತಾನೆ.

ಕಾಡಿನ ಭಾಗ ಚೆನ್ನಾಗಿ ಹೋಯಿತು. ಸಭೆಯ ದೃಶ್ಯ ಬಂತು. ಅರಸ ನನ್ನನ್ನು ನೋಡಿ, ಯಾರಮ್ಮ ನೀನು ಎಂದ. ಭಾಗವತರು ಪದ ಎತ್ತಿದರು. ನಾನು ಕೈ ಎತ್ತಿ ತುರುಬು ಮುಟ್ಟಿದೆ. ಮುಟ್ಟಿ ಬಿಡಬೇಕಿತ್ತು. ಹದಿನೆಂಟು ವರ್ಷ ಅದೇ ಪದಕ್ಕೆ ಅದೇ ಕೈ ಪಿನ್ನು ಎಳೆದಿದೆ, ಈ ದಿನವೂ ಎಳೆಯಿತು. ಉಣ್ಣೆಯ ಉಂಡೆ ಕೆಳಗೆ ಬಿದ್ದು ಉರುಳಿ ಮದ್ದಳೆಯವರ ಮಡಿಲ ಹತ್ತಿರ ಹೋಗಿ ನಿಂತಿತು. ಕೂದಲು ಸುರುಳಿ ಸುರುಳಿಯಾಗಿ ಹೆಗಲಿಗೆ ಬಂದು ಅಲ್ಲೇ ನಿಂತುಬಿಟ್ಟಿತು. ಒಂದು ಮಗು ನಕ್ಕಿತು. ಚೆಂಡೆ ನಿಂತಿತು. ಭಾಗವತರ ಮುಖ ನೋಡುವ ಧೈರ್ಯ ನನಗಾಗಲಿಲ್ಲ.

ಯಕ್ಷಗಾನದಲ್ಲಿ ಮಾತು ಬರೆದಿಟ್ಟದ್ದಲ್ಲ, ಆಗಿಂದಾಗ ನಾವೇ ಕಟ್ಟುವುದು. ನಾನು ಅರಸನ ಕಡೆ ತಿರುಗಿದೆ.

"ಅರಸರೇ, ಅಂದು ನಿಮ್ಮ ಅರಮನೆಯಿಂದ ಹೊರಟಾಗ ಈ ಕೂದಲು ನೆಲ ಗುಡಿಸುತ್ತಿತ್ತು. ಕಡಲು ದಾಟಿ ಬಂದವಳು ನಾನು. ದಾರಿ ಕೇಳಿದ್ದನ್ನು ಕೊಟ್ಟು ಬಂದೆ. ಉಳಿದಿರುವುದು ಇಷ್ಟೇ. ಇಷ್ಟರಲ್ಲಿ ನನ್ನ ಗುರುತು ಹಿಡಿಯುವುದಾದರೆ ಹಿಡಿಯಿರಿ."

ಅರಸನ ವೇಷದವನು ಕಿರೀಟ ತೆಗೆದು ಕೆಳಗಿಟ್ಟ. ಮುಂದಿನ ಸಾಲಿನಲ್ಲಿ ಒಬ್ಬರು ಮೂಗು ಒರೆಸಿಕೊಂಡರು, ಪಕ್ಕದವರೂ ಒರೆಸಿಕೊಂಡರು. ಭಾಗವತರು, ಯಾವ ಪ್ರಸಂಗದಲ್ಲೂ ಇಲ್ಲದ ಒಂದು ಪದವನ್ನು ಅಲ್ಲೇ ಕಟ್ಟಿ ಮೋಹನ ರಾಗದಲ್ಲಿ ಹಾಡಿದರು.

ಚೌಕಿಯಲ್ಲಿ ಅವರು ಉಣ್ಣೆಯ ಉಂಡೆಯನ್ನು ನನ್ನ ಕೈಗೆ ಕೊಟ್ಟು, ಇನ್ನು ಇದು ಬೇಡ ಮಾರಾಯ ಎಂದಷ್ಟೇ ಹೇಳಿ ಜಾಗಟೆ ಕಟ್ಟಲು ಹೋದರು. ಹಿಂದೆಯೇ ವಾರಿಜಕ್ಕ ಬಂದರು. ಕಣ್ಣು ಕೆಂಪಾಗಿತ್ತು.

"ಬಾಬಣ್ಣ, ಊರಿಗೆ ಹೋದ ಮೇಲೆ ಒಮ್ಮೆ ಬೆಳ್ತಂಗಡಿಗೆ ಹೋಗ್ತೀರಾ? ಅಮ್ಮನಿಗೆ ಹೇಳಿ, ನನ್ನ ಕೂದಲು ಇಷ್ಟೇ ಉಂಟು ಅಂತ. ನನಗೆ ಕಾಗದದಲ್ಲಿ ಬರೀಲಿಕ್ಕೆ ಆಗೋದಿಲ್ಲ."

ಬೆಳ್ತಂಗಡಿ

ಮರಳಿ ಬರುವಾಗ ಸಮುದ್ರ ಶಾಂತವಿತ್ತು. ಊರು ಮುಟ್ಟಿ ಮೂರನೆಯ ದಿನ, ಬೆಳಿಗ್ಗೆ ಅಕ್ಕಿ ಬೇಯಿಸುವ ಒಲೆಯ ಬದಿಯಲ್ಲಿ ಉರುಳೆಗಳನ್ನು ಕುದಿಸಿ, ಹೆಂಡತಿಯ ಕೈಯಲ್ಲಿ ಕನ್ನಡಿ ಹಿಡಿಸಿ, ಎಲ್ಲ ತಣ್ಣಗಾಗುವವರೆಗೆ ಸುಮ್ಮನೆ ಕೂತು, ಕೂದಲನ್ನು ಸಿದ್ಧ ಮಾಡಿಕೊಂಡೆ. ಬಾಯಿಮಾತಿಗಿಂತ ತಲೆಯನ್ನೇ ತೋರಿಸುವುದು ಸುಲಭ ಎಂದು ತೋರಿತು. ತಲೆಗೆ ಬೈರಾಸು, ಅಂದರೆ ಟವೆಲು, ಹೊದ್ದು ವೇಣೂರಿನ ಮೇಲೆ ಹೋಗುವ ಬಸ್ಸು ಹತ್ತಿದೆ.

ವಾರಿಜಕ್ಕನ ತಾಯಿ ಜಗಲಿಯಲ್ಲಿ ಕೂತು ಬೀಡಿ ಕಟ್ಟುತ್ತಿದ್ದರು. ಎಪ್ಪತ್ತು ದಾಟಿದ್ದರೂ ಬೆರಳು ಚುರುಕು. ಮಗಳು ಹೇಗಿದ್ದಾಳೆ, ಅಳಿಯ ಹೇಗಿದ್ದಾನೆ, ಅಲ್ಲಿ ಕುಚ್ಚಲಕ್ಕಿ ಸಿಗುತ್ತದೆಯೇ, ಎಲ್ಲ ಕೇಳಿದರು. ಎಲ್ಲದಕ್ಕೂ ಉತ್ತರ ಹೇಳಿ, ಕೊನೆಗೆ ಕೂದಲಿನ ವಿಷಯ ಹೇಳಿದೆ. ಚಳಿ, ಶೀತ, ಬೆಳಗಿನ ಐದು ಗಂಟೆ, ಹೋಟೆಲು, ಯಾವುದನ್ನೂ ಬಿಡದೆ ಹೇಳಿದೆ. ಅವರ ಕೈ ನಿಲ್ಲಲಿಲ್ಲ. ಕಟ್ಟುತ್ತಿದ್ದ ಬೀಡಿಗೆ ನೂಲು ಸುತ್ತಿ ಮುಗಿಸಿದರು.

"ಎಷ್ಟು ಗಿಡ್ಡ?"

ನಾನು ಬೈರಾಸು ತೆಗೆದು, ಇಷ್ಟು, ಹೀಗೆಯೇ ಎಂದೆ. ಅವರು ಕೈಯ ಹೊಗೆಸೊಪ್ಪನ್ನು ಸೆರಗಿಗೆ ಒರೆಸಿಕೊಂಡು, ಸ್ವಲ್ಪ ಆಚೆ ತಿರುಗು ಎಂದರು. ತಿರುಗಿ ಕೂತೆ. ಬೆನ್ನ ಹಿಂದಿನಿಂದ ಒಂದು ಕೈ ಬಂದು ಒಂದು ಸುರುಳಿಯನ್ನು ಎತ್ತಿತು, ಬಿಟ್ಟಿತು. ಬೈಗುಳಕ್ಕೆ ನಾನು ಸಿದ್ಧನಾಗಿದ್ದೆ.

"ಹಿಂದಿನಿಂದ ಅವಳು ಹೀಗೆಯೇ ಕಾಣ್ತಾಳಾ?"

ಹೌದು ಅಮ್ಮ, ಹೀಗೆಯೇ ಎಂದೆ.

"ಅವಳನ್ನು ನೋಡದೆ ಹನ್ನೊಂದು ವರ್ಷ ಆಯ್ತು ಮಗ. ಇನ್ನು ಸ್ವಲ್ಪ ಹೊತ್ತು ಹಾಗೆಯೇ ಕೂತುಕೋ."

ನಾನು ಗೋಡೆಗೆ ಮುಖ ಮಾಡಿ ಕೂತೆ.